ಹಿಂಗಾಲಿನ ಐದನೆಯ ತುಂಡು

ನಾನು ಅನುಮಾನದ ಹೆಂಗಸು. ಇದನ್ನು ನಾನೇ ಮೊದಲು ಹೇಳಿಬಿಡುವುದು ಒಳ್ಳೆಯದು, ಇಲ್ಲದಿದ್ದರೆ ನನ್ನ ಗಂಡ ಹೇಳುತ್ತಾರೆ. ಹಾಲಿಗೆ ಬೆರಳದ್ದಿ, ಉಗುರಿನ ಮೇಲೆ ಹನಿ ನಿಲ್ಲುತ್ತದೋ ಜಾರುತ್ತದೋ ನೋಡುತ್ತೇನೆ. ಅಂಗಡಿಯವನು ಬಡಿದು ತೋರಿಸಿದ ಕಲ್ಲಂಗಡಿಯನ್ನು ಇನ್ನೊಮ್ಮೆ ನಾನು ಬಡಿಯುತ್ತೇನೆ. ಹೊಸಪೇಟೆ ಬಸ್‌ಸ್ಟ್ಯಾಂಡಿನಲ್ಲಿ ಬೋರ್ಡು ಓದಿ, ಕಂಡಕ್ಟರನ್ನು ಕೇಳಿ, ಹತ್ತಿ ಕುಳಿತ ಮೇಲೂ ಪಕ್ಕದವರನ್ನು "ಇದು ಸಂಡೂರಿಗೇ ಹೋಗ್ತೈತಲ್ರಿ?" ಎಂದು ಕೇಳುತ್ತೇನೆ. "ಮೊಸರಿನ್ಯಾಗ ಕಲ್ಲು ಹುಡುಕಾಕಿ" ಎಂದು ನಮ್ಮತ್ತೆ ನಗುತ್ತಿದ್ದರು. ಒಮ್ಮೆ ಹುಡುಕಿದಾಗ ಸಿಕ್ಕಿತ್ತು ಕೂಡ, ಅದನ್ನು ಅವರು ಯಾರಿಗೂ ಹೇಳುತ್ತಿರಲಿಲ್ಲ.

ಈ ಗುಣ ಅಪ್ಪನಿಂದ ಬಂದದ್ದು. ಸಂಡೂರಿನ ಗಣಿ ರಸ್ತೆಯ ಗೇಟಿನಲ್ಲಿ ಲಾರಿಗಳನ್ನು ತಪಾಸಣೆ ಮಾಡುವುದು ಅವರ ಕೆಲಸ. ಅದಿರಿನ ಲಾರಿ ಬಂದು ನಿಂತರೆ ಡ್ರೈವರ್ ತೂಕದ ಚೀಟಿ ಚಾಚುತ್ತಿದ್ದ. ಅಪ್ಪ ಚೀಟಿಯನ್ನು ಕೈಗೆ ತೆಗೆದುಕೊಂಡು, ಓದದೆ, ಬಗ್ಗಿ ಹಿಂದಿನ ಟೈರುಗಳನ್ನು ನೋಡುತ್ತಿದ್ದರು. ಟೈರು ನೆಲಕ್ಕೆ ಎಷ್ಟು ಒತ್ತಿಕೊಂಡಿದೆ ಎಂಬುದರ ಮೇಲೆ ಒಳಗೆ ಎಷ್ಟು ತುಂಬಿದ್ದಾರೆಂದು ಹೇಳುತ್ತಿದ್ದರು. ಶಾಲೆ ಬಿಟ್ಟು ಕೆಂಪು ಧೂಳಿನಲ್ಲಿ ಅವರ ಪಕ್ಕ ನಿಂತಿದ್ದಾಗ ಒಮ್ಮೆ ನನಗೆ ಹೇಳಿದರು: "ಕಾಗದ ಏನು ಬೇಕಾದ್ರೂ ಅಂತೈತವಾ. ನೀನು ಟೈರ್ ನೋಡು." ನಾನು ಈ ಮಾತನ್ನು ಎಷ್ಟು ಜನರಿಗೆ ಉಪದೇಶ ಮಾಡಿದ್ದೇನೋ ಲೆಕ್ಕವಿಲ್ಲ.

ಓದಿ ಬೆಳೆದು ಹೊಸಪೇಟೆಯ ಒಂದು ಡಿಗ್ರಿ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಮೇಡಂ ಆದೆ. ಅನುಮಾನಕ್ಕೆ ಸಂಬಳ ಕೊಡುವ ಕೆಲಸ ಇದಕ್ಕಿಂತ ಬೇರೆ ಇಲ್ಲ. ನಾನು ಪಾಠದ ಹೆಸರುಗಳನ್ನೂ ಬಿಡುವುದಿಲ್ಲ. ಕೀಟದ ಕಾಲನ್ನೇ ತೆಗೆದುಕೊಳ್ಳಿ. ಮೈಗೆ ಅಂಟಿಕೊಂಡ ಅಗಲವಾದ ಬುಡದ ಹೆಸರು ಕಾಕ್ಸ. ಅದರ ಮುಂದೆ, ಇದೆಯೋ ಇಲ್ಲವೋ ಅನ್ನುವಷ್ಟು ಸಣ್ಣದು, ಟ್ರೊಕ್ಯಾಂಟರ್. ಮಕ್ಕಳು ಯಾವಾಗಲೂ ಮರೆಯುವುದು ಇದನ್ನೇ. ಆಮೇಲೆ ತೊಡೆಯಂಥ ಫೀಮರ್, ಮೈತುಂಬ ಮುಳ್ಳಿರುವ ಟಿಬಿಯ, ಕಡೆಗೆ ಪಾದ, ಅಂದರೆ ಟಾರ್ಸಸ್. ಫೀಮರ್, ಟಿಬಿಯ ಎಲ್ಲ ನಮ್ಮ ನಿಮ್ಮ ಮೂಳೆಗಳ ಹೆಸರು. ಜಿರಳೆಗೆ ಮೂಳೆಯೇ ಇಲ್ಲ, ಗಟ್ಟಿ ಇರುವುದೆಲ್ಲ ಹೊರಗೆ, ಮೆತ್ತಗಿನದೆಲ್ಲ ಒಳಗೆ. ಆದರೂ ಯಾರೋ ಮನುಷ್ಯನ ಕಾಲಿನ ಹೆಸರುಗಳನ್ನು ತಂದು ಅದಕ್ಕೆ ತೊಡಿಸಿದ್ದಾರೆ. ಪ್ರತಿವರ್ಷ ಇದನ್ನು ಪಾಠ ಮಾಡುವಾಗ ನನಗೆ ಬೇರೆಯವರ ಅಂಗಿ ತೊಟ್ಟವನನ್ನು ಕಂಡಂತೆ ಆಗುತ್ತದೆ.

ಆದರೆ ಒಂದನ್ನು ಮಾತ್ರ ನಾನು ಎಂದೂ ಅನುಮಾನಿಸಿರಲಿಲ್ಲ. ಜಿರಳೆಯ ಪಾದದಲ್ಲಿ ಸಾಲಾಗಿ ಐದು ಸಣ್ಣ ತುಂಡುಗಳಿರುತ್ತವೆ, ತುದಿಯಲ್ಲಿ ಎರಡು ಉಗುರು. ಪುಸ್ತಕದಲ್ಲಿ ಐದು, ಬೋರ್ಡಿನ ಮೇಲೆ ನಾನು ಬರೆಯುವುದು ಐದು, ಮಕ್ಕಳ ರೆಕಾರ್ಡಿನಲ್ಲೂ ಐದು.

ರೆಕಾರ್ಡಿನ ವಿಷಯ ಸ್ವಲ್ಪ ಹೇಳಬೇಕು. ಪ್ರತಿಯೊಬ್ಬರೂ ಸತ್ತ ಜಿರಳೆ ತಂದು, ಅದರ ಒಂದು ಹಿಂಗಾಲನ್ನು ಕ್ಷಾರದಲ್ಲಿ ಕುದಿಸಿ ತಿಳಿ ಮಾಡಿ, ಸ್ಲೈಡಿನ ಮೇಲೆ ಕೂರಿಸಿ, ಮೈಕ್ರೊಸ್ಕೋಪಿನಲ್ಲಿ ನೋಡಿ, ಕಂಡದ್ದನ್ನು ರೆಕಾರ್ಡಿನಲ್ಲಿ ಬರೆಯಬೇಕು. ಇದು ನಿಯಮ. ರೂಢಿ ಬೇರೆ. ಕಂಪ್ಲಿಯ ಕಡೆಯ ಒಬ್ಬ ಹುಡುಗಿ ಹಿಂದೊಮ್ಮೆ ಬಹಳ ಚೆಂದದ ರೆಕಾರ್ಡು ಮಾಡಿದ್ದಳು. ಅವಳು ಪಾಸಾಗಿ ಹೋದಳು, ರೆಕಾರ್ಡು ಇಲ್ಲೇ ಉಳಿಯಿತು. ಆಮೇಲೆ ಬಂದ ಮಕ್ಕಳೆಲ್ಲ ಅದನ್ನು ಕಿಟಕಿಯ ಗಾಜಿಗೆ ಒತ್ತಿಹಿಡಿದು, ಮೇಲೆ ಬಿಳಿ ಹಾಳೆ ಇಟ್ಟು, ಬಿಸಿಲಿನಲ್ಲಿ ಗೆರೆ ಎಳೆದುಕೊಳ್ಳುತ್ತಾರೆ. ಅವಳು ಟಿಬಿಯಕ್ಕೆ ಒಂಬತ್ತು ಮುಳ್ಳು ಬರೆದಿದ್ದಳು, ಒಂದು ಮುಳ್ಳು ಸೊಟ್ಟಗೆ. ಅಂದಿನಿಂದ ನಮ್ಮ ಕಾಲೇಜಿನ ಎಲ್ಲ ಜಿರಳೆಗಳಿಗೂ ಒಂಬತ್ತೇ ಮುಳ್ಳು, ಒಂದು ಸೊಟ್ಟಗೆ. ನನಗೆ ಗೊತ್ತಿಲ್ಲದ್ದಲ್ಲ. ಗೊತ್ತಿರುವ ಕಳ್ಳತನ ಕಳ್ಳತನವಲ್ಲ ಎಂದುಕೊಂಡು ಕೆಂಪು ಪೆನ್ನಿನಲ್ಲಿ ಸಹಿ ಹಾಕುತ್ತಾ ಬಂದಿದ್ದೆ.

ಆ ಶುಕ್ರವಾರ ಸಹಿಗೆ ಕಡೆಯ ದಿನ. ಸೋಮವಾರ ಪ್ರಾಯೋಗಿಕ ಪರೀಕ್ಷೆ. ಸಹಿ ಇಲ್ಲದ ರೆಕಾರ್ಡು ಹಿಡಿದು ಬಂದವರನ್ನು ಹೊರಗಿನ ಪರೀಕ್ಷಕರು ಒಳಗೇ ಬಿಡುವುದಿಲ್ಲ, ವರ್ಷ ಹೋದಂತೆಯೇ. ರೆಕಾರ್ಡುಗಳ ರಾಶಿಯಲ್ಲಿ ಒಂಬತ್ತು ಮುಳ್ಳುಗಳನ್ನು ದಾಟುತ್ತ ದಾಟುತ್ತ ಒಂದರ ಹತ್ತಿರ ಕೈ ನಿಂತಿತು.

ಅದರಲ್ಲಿ ಮುಳ್ಳು ಒಂಬತ್ತಿರಲಿಲ್ಲ. ಸೊಟ್ಟಗಿನದೂ ಇರಲಿಲ್ಲ. ಟ್ರೊಕ್ಯಾಂಟರನ್ನು ಅಷ್ಟು ಸರಿಯಾಗಿ, ಫೀಮರಿಗೆ ಓರೆಯಾಗಿ ಅಂಟಿಸಿ, ಯಾವ ವಿದ್ಯಾರ್ಥಿಯೂ ಬರೆದದ್ದನ್ನು ನಾನು ನೋಡಿರಲಿಲ್ಲ. ಚಿತ್ರ ಅತಿ ಚೆನ್ನಾಗಿತ್ತು, ಅದೇ ನನ್ನ ಮೊದಲ ಅನುಮಾನ. ಪಾದದ ತುಂಡುಗಳನ್ನು ಪೆನ್ನಿನ ತುದಿಯಿಂದ ಎಣಿಸಿದೆ. ನಾಲ್ಕು. ಮತ್ತೆ ಎಣಿಸಿದೆ. ನಾಲ್ಕೇ.

ಬರೆದವಳು ಹಂಪಿ ರಸ್ತೆಯ ಕಡ್ಡಿರಾಂಪುರದಿಂದ ಬಸ್ಸಿನಲ್ಲಿ ಬರುತ್ತಿದ್ದ ಹುಡುಗಿ. ಹಿಂದಿನ ಬೆಂಚು, ಮಾತು ಕಡಿಮೆ. ಹಂಪಿಯಲ್ಲಿ ಪ್ರವಾಸಿಗರಿಗೆ ಮಂಟಪಗಳ ಚಿತ್ರ ಬರೆದುಕೊಡುವ ಹುಡುಗರಿದ್ದಾರೆ. ಅವರಲ್ಲಿ ಯಾರನ್ನೋ ಹಿಡಿದು ಬರೆಸಿದ್ದಾಳೆ, ಅವನು ಫೋನಿನಲ್ಲಿ ಯಾವುದೋ ಬೇರೆ ಹುಳದ ಕಾಲು ನೋಡಿ ಬರೆದಿದ್ದಾನೆ, ಅದಕ್ಕೇ ಒಂದು ತುಂಡು ಕಡಿಮೆ. ಅವಳು ಮೇಜಿನ ಹತ್ತಿರ ಬರುವಷ್ಟರಲ್ಲಿ ನನ್ನ ತಲೆಯಲ್ಲಿ ವಿಚಾರಣೆ ಮುಗಿದು ಶಿಕ್ಷೆಯೂ ಆಗಿತ್ತು.

"ಇದನ್ನ ಯಾರು ಬರೆದಿದ್ದು?"

"ನಾನ ರೀ ಮೇಡಂ."

"ಹಂಗಾದ್ರ ಐದನೇ ತುಂಡು ಎಲ್ಲಿ ಹೋತು?"

"ಇರಲಿಲ್ರಿ."

"ಇರಲಿಲ್ಲ ಅಂದ್ರ? ಬೆಕ್ಕು ತಿಂತಾ?"

ಲ್ಯಾಬು ನಕ್ಕಿತು. ಗಾಜಿಗೆ ಒತ್ತಿ ಗೆರೆ ಎಳೆದವರೆಲ್ಲ ನಕ್ಕರು. ಅವಳು ರೆಕಾರ್ಡನ್ನೇ ನೋಡುತ್ತ ನಿಂತಳು.

"ಜಿರಳಿ ಎಲ್ಲಿಂದ ತಂದಿ?" ಎಂದೆ.

ಅಲ್ಲಿಯವರೆಗೆ ನೆಟ್ಟಗೆ ಉತ್ತರ ಕೊಡುತ್ತಿದ್ದವಳು ಈಗ ತಡವರಿಸಿದಳು. "ಸಿಕ್ತು ರೀ."

"ಎಲ್ಲಿ?"

"ದಾರ್ಯಾಗ ರೀ."

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಹಾಗೆ ಅವಳ ಕೈ ದುಪಟ್ಟಾದ ತುದಿಗೆ ಹೋಯಿತು. ದಾರಿಯಲ್ಲಿ ಯಾರಿಗೆ ಜಿರಳೆ ಸಿಗುತ್ತದೆ? ನನಗೆ ಗೆದ್ದ ಖುಷಿ ಆಯಿತು. ಅದನ್ನು ಮುಚ್ಚಿಡುವುದಿಲ್ಲ, ನಿಜವಾಗಿಯೂ ಖುಷಿಯೇ ಆಯಿತು. "ಸ್ಲೈಡ್ ನೋಡ್ರಿ ಮೇಡಂ, ಅದರಾಗ ಐತ್ರಿ" ಎಂದು ಅವಳು ಮೆಲ್ಲಗೆ ಅಂದಳು. ನಾನು ಪುಸ್ತಕ ಬಿಚ್ಚಿ ಚಿತ್ರದ ಮೇಲೆ ಬೆರಳಿಟ್ಟು, "ಇದರಾಗೂ ಐತಿ, ನೋಡು. ತಿದ್ದಿಕೊಂಡು ಬಾ, ಸಹಿ ಹಾಕ್ತೀನಿ. ಇಲ್ಲಾ ಅಂದ್ರ ಸೋಮವಾರ ಬರಬ್ಯಾಡ" ಎಂದೆ.

ಅವಳು ಹಿಂದಿನ ಬೆಂಚಿಗೆ ಹೋಗಿ ರಬ್ಬರು ತೆಗೆದುಕೊಂಡಳು. ಬಹಳ ಹೊತ್ತು ಉಜ್ಜಿದಳು. ಸಂಜೆ ಬಸ್ಸಿನ ಹೊತ್ತಿಗೆ ಐದು ತುಂಡು ಬರೆದು ತಂದಳು. ಟಿಬಿಯಕ್ಕೆ ಈಗ ಒಂಬತ್ತು ಮುಳ್ಳು ಬಂದಿದ್ದವು, ಒಂದು ಸೊಟ್ಟಗೆ. ನಾನು ಸಹಿ ಹಾಕಿದೆ.

ಶನಿವಾರ ಮಧ್ಯಾಹ್ನ ಪರೀಕ್ಷೆಯಲ್ಲಿ ಗುರುತಿಸಲು ಇಡಬೇಕಾದ ಮಾದರಿಗಳನ್ನು ಆರಿಸಲು ಕುಳಿತೆ. ಮಕ್ಕಳ ಸ್ಲೈಡುಗಳ ತಟ್ಟೆಯಲ್ಲಿ ಹೆಚ್ಚಿನವುಗಳಲ್ಲಿ ಗಾಳಿಗುಳ್ಳೆ, ಕೂದಲು, ಒಂದರಲ್ಲಿ ಕಾಲೇ ಇರಲಿಲ್ಲ. ಒಂದು ಮಾತ್ರ ಸ್ವಚ್ಛವಾಗಿತ್ತು. ಅಂಚಿನಲ್ಲಿ ಅಂಟಿಸಿದ ಚೀಟಿಯ ಮೇಲೆ ಆ ಹುಡುಗಿಯ ರೋಲ್ ನಂಬರ್. ಮೈಕ್ರೊಸ್ಕೋಪಿನ ಕೆಳಗಿಟ್ಟೆ.

ಒಂದು, ಎರಡು, ಮೂರು, ನಾಲ್ಕು, ಉಗುರು.

ನನ್ನ ಬುದ್ಧಿ ನೋಡಿ, ಆಗಲೂ ಮೊದಲು ಅನುಮಾನಿಸಿದ್ದು ಅವಳನ್ನೇ. ಸುಳ್ಳನ್ನು ಉಳಿಸಿಕೊಳ್ಳಲು ಬ್ಲೇಡಿನಿಂದ ಒಂದು ತುಂಡು ಕತ್ತರಿಸಿದ್ದಾಳೆ ಎಂದುಕೊಂಡೆ. ಆದರೆ ಕತ್ತರಿಸುವುದಾದರೆ ತುದಿಯ ಉಗುರು ಹೋಗಬೇಕಿತ್ತು. ಉಗುರು ಎರಡೂ ಅಲ್ಲೇ ಇದ್ದವು. ಮಧ್ಯದಿಂದ ತೆಗೆದು ಮತ್ತೆ ಅಂಟಿಸುವುದು ಅಕ್ಕಸಾಲಿಗನಿಗೂ ಆಗದ ಕೆಲಸ. ಬೇರೆ ಹುಳವಿರಬೇಕು ಎಂದುಕೊಂಡು ಬುಡದಿಂದ ತುದಿಯವರೆಗೆ ಒಂದೊಂದನ್ನೇ ಹೆಸರು ಹಿಡಿದು ಕರೆದೆ: ಕಾಕ್ಸ, ಟ್ರೊಕ್ಯಾಂಟರ್, ಫೀಮರ್, ಟಿಬಿಯ. ಎಲ್ಲ ಜಿರಳೆಯದೇ. ಟ್ರೊಕ್ಯಾಂಟರಿನ ಓರೆ ಕೂಡ ಅವಳು ಬರೆದ ಹಾಗೇ ಇತ್ತು.

ಮನೆಗೆ ಬಂದು, ಎಂಎಸ್ಸಿ ಓದುವಾಗಿನ ದಪ್ಪ ಪುಸ್ತಕವನ್ನು ಅಟ್ಟದಿಂದ ಇಳಿಸಿದೆ. ಸಣ್ಣ ಅಕ್ಷರದಲ್ಲಿ ಎರಡು ಸಾಲು ಸಿಕ್ಕಿತು. ಮರಿ ಜಿರಳೆಯ ಕಾಲನ್ನು ಯಾರಾದರೂ ಹಿಡಿದರೆ ಅದು ಕಾಲನ್ನು ಬಿಟ್ಟು ಓಡಿಹೋಗುತ್ತದೆ. ಕಳಚಿಕೊಳ್ಳುವುದು ಟ್ರೊಕ್ಯಾಂಟರಿನ ಹತ್ತಿರ, ಎಲ್ಲರೂ ಮರೆಯುವ ಆ ಸಣ್ಣ ತುಂಡಿನ ಅಂಚಿನಲ್ಲಿ. ಪೊರೆ ಬಿಟ್ಟಾಗ ಹೊಸ ಕಾಲು ಬರುತ್ತದೆ. ಹಾಗೆ ಬಂದ ಕಾಲಿನ ಪಾದಕ್ಕೆ ಸಾಮಾನ್ಯವಾಗಿ ಐದರ ಬದಲು ನಾಲ್ಕೇ ತುಂಡು. ನಾನು ಆ ಪುಟವನ್ನು ಹಿಂದೆ ಓದಿದ್ದೆ, ಕೆಳಗೆ ಗೆರೆಯನ್ನೂ ಎಳೆದಿದ್ದೆ. ಗೆರೆ ಎಳೆದವಳು ನಾನೇ ಎಂದು ನಂಬಲು ಸ್ವಲ್ಪ ಹೊತ್ತು ಹಿಡಿಯಿತು.

ಇಡೀ ತರಗತಿಯಲ್ಲಿ ಮೈಕ್ರೊಸ್ಕೋಪಿನೊಳಗೆ ನಿಜವಾಗಿ ಕಣ್ಣಿಟ್ಟವಳು ಒಬ್ಬಳೇ. ಅವಳೊಬ್ಬಳನ್ನೇ ನಾನು ಕಳ್ಳಿ ಎಂದುಕೊಂಡದ್ದು. ಟೈರ್ ನೋಡಿ ಎಂದು ಅವಳು ಅಷ್ಟು ಕೇಳಿಕೊಂಡರೂ ನಾನು ಚೀಟಿ ಹಿಡಿದು ಕೂತಿದ್ದೆ. ನನಗೆ ನಾಚಿಕೆಯಾಯಿತು, ಅಪ್ಪ ಇದ್ದಿದ್ದರೆ ಅವರ ಮುಂದೆ ನಿಲ್ಲಲಾಗದಂಥ ನಾಚಿಕೆ.

ಭಾನುವಾರ ಬೆಳಿಗ್ಗೆ ಸ್ಲೈಡು, ಭೂತಗನ್ನಡಿ ಎರಡನ್ನೂ ಕರವಸ್ತ್ರದಲ್ಲಿ ಸುತ್ತಿಕೊಂಡು ಕಡ್ಡಿರಾಂಪುರಕ್ಕೆ ಬಸ್ಸು ಹತ್ತಿದೆ. ಅವಳ ಮನೆ ಕೇಳಿದರೆ ರಸ್ತೆಯ ಪಕ್ಕದ ತಗಡಿನ ಚಾವಣಿಯ ಹೋಟೆಲು ತೋರಿಸಿದರು. ಮುಂದೆ ಪ್ರವಾಸಿಗರ ಬಾಡಿಗೆ ಸ್ಕೂಟರುಗಳು, ಒಳಗೆ ಮಂಡಕ್ಕಿ ಒಗ್ಗರಣೆ, ಮಿರ್ಚಿಯ ಘಾಟು. ಬಾಣಲೆಯ ಮುಂದೆ ಅವಳ ತಾಯಿ. ನಾನು ಯಾರೆಂದು ಹೇಳಿದ್ದೇ ತಡ, "ಬರ್ರಿ ಮೇಡಂ, ಕುಂದ್ರಿ, ಕುಂದ್ರಿ" ಎಂದು ಸೆರಗಿನಿಂದ ಬೆಂಚು ಒರೆಸಿದರು. ಹುಡುಗಿ ಒಳಗಿನಿಂದ ಬಂದು ಬಾಗಿಲಲ್ಲೇ ನಿಂತಳು.

ಬಂದ ಕೆಲಸ ಬೇಗ ಹೇಳಿ ಮುಗಿಸುವ ಆತುರ ನನಗೆ. "ಆ ಜಿರಳಿ ವಿಷಯ ಮಾತಾಡಾಕ ಬಂದೆ" ಎಂದೆ, ತರಗತಿಯ ದನಿಯಲ್ಲಿ.

ಪಕ್ಕದ ಬೆಂಚಿನಲ್ಲಿ ತಿನ್ನುತ್ತಿದ್ದ ಇಬ್ಬರು ಚಮಚ ಕೆಳಗಿಟ್ಟರು. ತಾಯಿಯ ಮುಖ ಬಿಗಿಯಿತು. "ನಮ್ಮ ಹೋಟ್ಲಾಗ ಅಂಥಾವೆಲ್ಲ ಇಲ್ರಿ ಮೇಡಂ. ದಿನಾ ಎರಡು ಸಲ ತೊಳೀತೀವ್ರಿ. ಯಾರ್ ಹೇಳಿದ್ರು ನಿಮಗ?"

ಆಗ ನನಗೆ "ದಾರ್ಯಾಗ ರೀ" ಅರ್ಥವಾಯಿತು. ಹುಡುಗಿ ಹೇಳಿದ್ದ ಸುಳ್ಳು ಅದೊಂದೇ. ಅದೂ ಚಿತ್ರದ ಬಗ್ಗೆ ಅಲ್ಲ, ಅವ್ವನ ಅಡುಗೆಮನೆಯ ಮಾನ ಕಾಯಲು.

"ದಾರ್ಯಾಗ ಸಿಕ್ಕಿದ ಜಿರಳೀರಿ, ಇಲ್ಲೀದಲ್ಲ" ಎಂದು ಪಕ್ಕದ ಬೆಂಚಿಗೂ ಕೇಳುವಂತೆ ಅಂದೆ. ಜೀವನದಲ್ಲಿ ನಾನು ತಿಳಿದೂ ತಿಳಿದೂ ಹೇಳಿದ ಸುಳ್ಳುಗಳಲ್ಲಿ ಅದೊಂದು ಒಳ್ಳೆಯದು. ತಾಯಿ ಬಾಣಲೆಗೆ ತಿರುಗಿದರು. ಹುಡುಗಿಯನ್ನು ಹತ್ತಿರ ಕರೆದು ಸ್ಲೈಡನ್ನು ಬೆಳಕಿಗೆ ಹಿಡಿದು ಭೂತಗನ್ನಡಿ ಕೊಟ್ಟೆ. "ಪಾದದಾಗ ಎಷ್ಟು ತುಂಡು ಅದಾವ, ಎಣಿಸು."

ಅವಳು ಭೂತಗನ್ನಡಿ ಹಿಡಿದಳು, ಆದರೆ ಅದರಲ್ಲಿ ನೋಡಲಿಲ್ಲ. ನನ್ನ ಮುಖ ನೋಡಿದಳು.

"ಐದು ರೀ ಮೇಡಂ."

"ನೋಡಿ ಹೇಳವಾ."

"ಐದ ಅದಾವ್ರಿ." ಆಮೇಲೆ ದನಿ ತಗ್ಗಿಸಿ ಕೇಳಿದಳು: "ಇದೂ ಪರೀಕ್ಷೇನ ಏನ್ರಿ?"

ಇದು ಪರೀಕ್ಷೆಯಲ್ಲ. ನಾಲ್ಕೇ ಇವೆ, ನಿನ್ನ ಚಿತ್ರವೇ ಸರಿ, ತಪ್ಪು ನನ್ನದು ಎಂದೆ. ಕಾಲು ಕಳಚುವುದು, ಮತ್ತೆ ಬರುವುದು, ಎಲ್ಲವನ್ನೂ ಹೇಳಿದೆ. ಅವಳು ತಲೆಯಾಡಿಸುತ್ತ ಕೇಳಿಸಿಕೊಂಡಳು, ಈ ಮೇಡಂ ಯಾವ ಮಾತಿನಲ್ಲಿ ತನ್ನನ್ನು ಸಿಕ್ಕಿಸುತ್ತಾರೋ ಎಂದು ಕಾಯುವವಳ ಹಾಗೆ. ಆ ನೋಟ ನನಗೆ ಹೊಸದಲ್ಲ. ಕಲ್ಲಂಗಡಿ ಅಂಗಡಿಯವನನ್ನು ನಾನು ನೋಡುವುದು ಹಾಗೆಯೇ.

"ರೆಕಾರ್ಡ್ ತಗೊಂಡು ಬಾ. ಮೊದ್ಲಿನ ಹಂಗ ತಿದ್ದು, ನಾನು ಬಾಜೂಕ ಬರೆದು ಮತ್ತ ಸಹಿ ಹಾಕ್ತೀನಿ. ಯಾರರ ಕೇಳಿದ್ರ ನಾನು ಉತ್ತರ ಕೊಡ್ತೀನಿ."

ತಂದಳು. ಪುಟ ತೆರೆದೆ. ಉಜ್ಜಿ ಉಜ್ಜಿ ಹಾಳೆ ತೆಳ್ಳಗಾಗಿತ್ತು. ಐದು ತುಂಡುಗಳ ಅಡಿಯಲ್ಲಿ ಮೊದಲಿನ ನಾಲ್ಕರ ಗೆರೆ ಇನ್ನೂ ಹಾಳೆಯೊಳಗೆ ತಗ್ಗಾಗಿ ಉಳಿದಿತ್ತು, ಬೆರಳಾಡಿಸಿದರೆ ತಿಳಿಯುತ್ತಿತ್ತು. ಪಕ್ಕದಲ್ಲಿ ನನ್ನ ಕೆಂಪು ಸಹಿ. ಪೆನ್ಸಿಲನ್ನು ಅವಳ ಮುಂದೆ ಇಟ್ಟೆ.

ಅವಳು ಪೆನ್ಸಿಲ್ ಮುಟ್ಟಲಿಲ್ಲ. ರೆಕಾರ್ಡನ್ನು ಮೆಲ್ಲಗೆ ನನ್ನ ಕೈಯಿಂದ ತೆಗೆದುಕೊಂಡು ಮುಚ್ಚಿದಳು.

"ಬ್ಯಾಡ ಬಿಡ್ರಿ ಮೇಡಂ. ಸಹಿ ಆಗೈತಲ್ರಿ."

ಅವಳ ತಾಯಿ ಒಗ್ಗರಣೆಯ ತಟ್ಟೆಯನ್ನು ತಂದು ನನ್ನ ಮುಂದೆ ಇಟ್ಟರು, ಮೇಲೆರಡು ಮಿರ್ಚಿ. ಹುಡುಗಿ ರೆಕಾರ್ಡನ್ನು ಎದೆಗೆ ಅವಚಿಕೊಂಡು, ನಾನು ತಿನ್ನುವುದನ್ನೇ ನೋಡುತ್ತ ನಿಂತಿದ್ದಳು. ನಾನು ತಟ್ಟೆಯಲ್ಲಿ ಏನನ್ನೂ ಹುಡುಕದೆ, ಪೂರ್ತಿ ತಿಂದು ಮುಗಿಸಿದೆ.