ತಮ್ಮನಿಗೊಂದು ಹಸಿರು ಸ್ವೆಟರ್

ಇರಾನ್–ಇರಾಕ್ ಯುದ್ಧ ನಿಂತ ದಿನ ಸುಲ್ತಾನ್ ಬಜಾರಿನ ಹಿಂದಿದ್ದ ನಮ್ಮ ಗಲ್ಲಿಗೆಲ್ಲ ಪುಕ್ಕಟೆ ಚಹಾ. ಮೂಲೆಯ ಹೋಟೆಲಿನ ಯಜಮಾನರು ಇರಾನಿನವರು. ಗಲ್ಲಾ ಬಿಟ್ಟೆದ್ದು ಬಂದು, ರಿಕ್ಷಾದವರನ್ನೂ ಕೈಹಿಡಿದು ಒಳಗೆ ಕರೆಯುತ್ತಿದ್ದರು.

"ಒಂದು ಬಿಸ್ಕೀಟು ಹೆಚ್ಚಿಗಿ ಕೊಡದ ಮನಷ್ಯಾ, ಇವತ್ತ ಊರಿಗೆಲ್ಲ ಚಹಾ ಕುಡಸಾಕತ್ತಾನ! ದೊಡ್ಡ ತಂಬಿಗಿನ ತಗೊಂಡು ಹೋಗವಾ," ಎಂದು ಅತ್ತೆ ನಕ್ಕರು.

ನಾನು ಹೋಟೆಲಿನ ಮಾಳಿಗೆ ಹತ್ತಿ ಯಜಮಾನರ ಹೆಂಡತಿಯ ಬಳಿಗೆ ಹೋದೆ. ಕಾನ್ವೆಂಟಿನ ಸಿಸ್ಟರುಗಳು ಕಲಿಸಿದ ಹೆಣಿಗೆಯನ್ನು ನಾನು ಅವರಿಗೆ ಕಲಿಸಿದ್ದೆ. ಅವರ ಒಬ್ಬನೇ ತಮ್ಮ ಮೀಸೆ ಮೂಡುವ ವಯಸ್ಸಿನಲ್ಲಿ ಯುದ್ಧಕ್ಕೆ ಹೋದವನು; ಆಮೇಲೆ ಸುದ್ದಿಯೇ ಇಲ್ಲ. ಅವರದು ಹಿಮ ಬೀಳುವ ಊರು. ಅವನಿಗೆಂದು ಒಂದು ಹಸಿರು ಸ್ವೆಟರ್ ಹೆಣೆದಿದ್ದರು. ಪ್ರತಿ ಚಳಿಗಾಲವೂ ಅದನ್ನು ಬಿಚ್ಚಿ, ಇನ್ನಷ್ಟು ಉಲ್ಲನ್ ಸೇರಿಸಿ ದೊಡ್ಡದು ಮಾಡುವರು. ಬಜಾರಿನಲ್ಲಿ ಮೊದಲಿನ ಹಸಿರು ಮತ್ತೆ ಸಿಗದೆ, ಅದರ ತುಂಬ ಬೇರೆ ಬೇರೆ ಹಸಿರಿನ ಪಟ್ಟೆಗಳಾಗಿದ್ದವು.

"ಹುಡುಗ ಬೆಳೆದಿರ್ತಾನಲ್ಲ, ಬೆಹನ್," ಎಂದು ಹಿಂದಿಯಲ್ಲಿ ಹೇಳುವರು.

ಅಂದು ಅವರು ಸ್ವೆಟರನ್ನು ಪೂರ್ತಿ ಬಿಚ್ಚುತ್ತ ಕೂತಿದ್ದರು. "ಲಡಾಯಿ ಮುಗೀತು. ಇನ್ನು ಅಂದಾಜು ಯಾಕೆ? ಅವನನ್ನೇ ನಿಲ್ಲಿಸಿ ಅಳತೆ ತಗೋತೀನಿ. ಹೊಟ್ಟೆ ಬಂದಿದ್ರೆ ಬೈತೀನಿ!"

ನಾನು ಎರಡೂ ಕೈ ಮುಂದೆ ಚಾಚಿ ದಾರ ಹಿಡಿದೆ, ಅವರು ಉಂಡೆ ಸುತ್ತಿದರು. ಕೆಳಗಿನಿಂದ ಕಪ್ಪು-ಬಸಿಗಳ ಸದ್ದು, ನಗು ಕೇಳುತ್ತಿತ್ತು.

ಯುದ್ಧವಿರುವ ತನಕ ಸುದ್ದಿ ಬಾರದಿದ್ದರೆ ಯುದ್ಧವನ್ನು ಬೈಯಬಹುದಿತ್ತು. ಈಗ ಅದೂ ಇಲ್ಲ. ಸೆರೆಸಿಕ್ಕವರು ಒಬ್ಬೊಬ್ಬರೇ ಮನೆ ಸೇರುತ್ತಿದ್ದಾರೆಂದು ಯಜಮಾನರು ರೇಡಿಯೋ ಕೇಳಿ ಹೇಳುತ್ತಿದ್ದರು. ಕೊನೆಗೆ ಹೇಳುವುದನ್ನು ನಿಲ್ಲಿಸಿದರು. ಉಂಡೆಗಳು ಬೆತ್ತದ ಬುಟ್ಟಿಯಲ್ಲಿ ಹಾಗೆಯೇ ಉಳಿದವು.

ಮುಂದೊಂದು ಚಳಿಗಾಲ ಅತ್ತೆಯೂ ನಾನೂ ಹೋದಾಗ ಅವರು ಮತ್ತೆ ಹೆಣೆಯುತ್ತಿದ್ದರು. ಪಟ್ಟೆಗಳಿರಲಿಲ್ಲ. ಮೊದಲಿನ ಹಸಿರೊಂದೇ.

ಅತ್ತೆ ಅಂಚು ಮುಟ್ಟಿ ನೋಡಿ ಮೆಲ್ಲಗೆ ನನಗೆಂದರು, "ಭಾಳ ಸಣ್ಣದಾತಲ್ಲವಾ. ಆಕಿ ತಮ್ಮಗ ಹ್ಯಾಂಗ ಬರ್ತೈತಿ?"

ನಾನು ಅದನ್ನೇ ಹಿಂದಿಯಲ್ಲಿ ಅವರನ್ನು ಕೇಳಿದೆ.

"ಅವನು ಹೋದಾಗ ಇದ್ದ ಅಳತೆ," ಎಂದರು ತಲೆ ಎತ್ತದೆ. "ಅಷ್ಟೇ ಬೆಳೆದದ್ದು."

ಅತ್ತೆಗೆ ಆ ಹಿಂದಿ ತಿಳಿಯಿತು. ಅವರ ಪಕ್ಕಕ್ಕೆ ಸರಿದು ಕೂತು, ಉಂಡೆಯನ್ನು ತಮ್ಮ ಮಡಿಲಿಗೆ ಹಾಕಿಕೊಂಡು, ಮೆಲ್ಲಗೆ ದಾರ ಬಿಡತೊಡಗಿದರು.