ಕಲ್ಲು ಹಿಡಿದ ಕೊಕ್ಕರೆ

ಹೋದ ತಿಂಗಳು ಶಿರಾಳಕೊಪ್ಪದ ಸಂತೆಗೆ ಹೋದವಳು ಮರದಂಗಡಿಯೊಂದರ ಮುಂದೆ ನಿಂತುಬಿಟ್ಟೆ. ಒಳಗೆ ಯಾರೋ ಸಾಗುವಾನಿಯ ಹಲಗೆಗೆ ಕೀಸುಳಿ ಹಾಕುತ್ತಿದ್ದರು. ಆ ಹೊಟ್ಟಿನ ವಾಸನೆ... ಒಣಗಿದ ತೊಗಲಿನಂಥ, ತುಸು ಎಣ್ಣೆ ಬೆರೆತಂಥ ವಾಸನೆ. ಬೆನ್ನ ಹಿಂದೆ ಯಾರೋ "ಅಕ್ಕೋರೆ" ಎಂದು ಕರೆದಂತಾಯಿತು. ತಿರುಗಿ ನೋಡಿದೆ. ಸಂತೆಯ ಜನ ತಮ್ಮ ಪಾಡಿಗೆ ತಾವು ಹೋಗುತ್ತಿದ್ದರು.

ನಾನು ಸೊರಬದ ಹೈಸ್ಕೂಲಿನಲ್ಲಿ ಇಂಗ್ಲಿಷ್ ಪಾಠ ಮಾಡುತ್ತಿದ್ದಾಗ ಪಕ್ಕದ ಮನೆಯಲ್ಲಿ ಮರದ ಕೆತ್ತನೆ ಮಾಡುವವರೊಬ್ಬರಿದ್ದರು. ಕುಳ್ಳನೆಯ ಆಳು, ಎಡಗೈ ಹೆಬ್ಬೆರಳಿಗೆ ಉಗುರಿರಲಿಲ್ಲ. ದೇವರ ಮಂಟಪ, ಬಾಗಿಲವಾಡ, ಪಲ್ಲಕ್ಕಿಯ ತುದಿ ಮಾಡುತ್ತಿದ್ದರು. ಭಿನ್ನವಾದ ವಿಗ್ರಹವನ್ನು ಯಾರಾದರೂ ರಿಪೇರಿಗೆಂದು ತಂದರೆ ಮುಟ್ಟದೆ ವಾಪಸು ಕಳಿಸುತ್ತಿದ್ದರು.

ಒಂದು ಮಳೆಗಾಲದ ಕೊನೆಗೆ, ಗುಡವಿಯ ಪಕ್ಷಿಧಾಮ ನೋಡಲು ಬಂದಿದ್ದ ಜರ್ಮನಿಯ ಮುದುಕರೊಬ್ಬರನ್ನು ಕಾರಿನ ಡ್ರೈವರ್ ಅವರಲ್ಲಿಗೆ ಕರೆತಂದ. ಮಾತು ತಿಳಿಯದೆ ನನ್ನನ್ನು ಕರೆಸಿದರು. ಮುದುಕರು ಜೇಬಿನಿಂದ ಮಡಚಿದ ಗೆರೆಗಳಲ್ಲಿ ಸವೆದ ಚಿತ್ರವೊಂದನ್ನು ತೆಗೆದು ಹರವಿದರು. ನೀಲಿ ಗುರಾಣಿ, ಅದರ ಮೇಲೆ ಒಂಟಿಕಾಲಲ್ಲಿ ನಿಂತ ಬಿಳಿ ಕೊಕ್ಕರೆ. ಎತ್ತಿದ ಕಾಲಿನ ಹಿಡಿಯಲ್ಲಿ ಒಂದು ಕಲ್ಲು.

"ಕಲ್ಲು ಎಂತಕ್ಕೆ ಹಿಡ್ಕಂಡಿದೆ ಕೇಳಿ ಅಕ್ಕೋರೆ," ಎಂದರು ಕೆತ್ತನೆಯವರು.

ಕೇಳಿದೆ. ಅದು ಕಾವಲು ಕಾಯುವ ಕೊಕ್ಕರೆಯಂತೆ. ತೂಕಡಿಸಿದರೆ ಕಲ್ಲು ಬಿದ್ದು ಎಚ್ಚರವಾಗುತ್ತದೆ. ಅವರ ಹಿರೀಕನೊಬ್ಬ ಕೋಟೆಯ ಕಾವಲುಗಾರನಾಗಿದ್ದ. ಮುತ್ತಿಗೆಯ ದಿನಗಳಲ್ಲಿ ಕಣ್ಣು ಮುಚ್ಚದೆ ಕಾದು ಊರು ಉಳಿಸಿದ್ದಕ್ಕೆ ಅಲ್ಲಿಯ ರಾಜ ಜಹಗೀರನ್ನೂ ಈ ಲಾಂಛನವನ್ನೂ ಕೊಟ್ಟನಂತೆ. ಅಲ್ಲಿಂದ ಮುಂದೆ ಅವರ ಮನೆಯ ಬಾಗಿಲ ಮೇಲೆ, ಬೆಳ್ಳಿ ಲೋಟದ ಮೇಲೆ, ಗೋರಿಗಳ ಮೇಲೆ ಅದೇ ಕೊಕ್ಕರೆ. ಕೊನೆಗೆ ಮಹಾಯುದ್ಧದಲ್ಲಿ ಊರು ಬಿಟ್ಟು ಓಡುವಾಗ ಎಲ್ಲವೂ ಹಿಂದುಳಿದು ಸುಟ್ಟುಹೋಯಿತು.

ಇಷ್ಟನ್ನೂ ಕನ್ನಡದಲ್ಲಿ ಹೇಳಿದೆ. ಆಮೇಲೆ ಮುದುಕರು ಹೇಳಿದ್ದನ್ನು ಮಾತ್ರ ಹೇಳಲಿಲ್ಲ. ಅವರ ಒಬ್ಬನೇ ಮಗ ತೀರಿಕೊಂಡಿದ್ದ. ಆ ಹೆಸರಿನ ಕೊನೆಯ ಗಂಡಸು ಅವರೇ. ಅಂಥವನು ಸತ್ತಾಗ ಮನೆತನದ ಗುರಾಣಿಯನ್ನು ಒಡೆದು ಜೊತೆಗೇ ಹೂಳುವುದು ಅವರಲ್ಲಿ ಪದ್ಧತಿ. "ನನ್ನ ಹತ್ತಿರ ಒಡೆಯಲಿಕ್ಕೂ ಒಂದು ಉಳಿದಿಲ್ಲ" ಎಂದರು.

"ಎಂತ ಅಂದ್ರು?"

"ಮನೆಗೆ ಬೇಕಂತೆ. ಅವರದು ತುಂಬ ಚಳಿ ದೇಶವಂತೆ," ಎಂದುಬಿಟ್ಟೆ. ಒಡೆಯಲಿಕ್ಕೆ ಎಂದರೆ ಇವರು ಉಳಿ ಮುಟ್ಟುವುದಿಲ್ಲ ಎಂದುಕೊಂಡೆ. ಆ ಮುದುಕರನ್ನು ಬರಿಗೈಯಲ್ಲಿ ಕಳಿಸಲು ನನಗೆ ಮನಸ್ಸಾಗಲಿಲ್ಲ.

ಮೂರು ತಿಂಗಳು ಕೆತ್ತಿದರು. ಗುಡವಿಗೆ ಬಸ್ಸಿನಲ್ಲಿ ಹೋಗಿ, ಕೆರೆಯಂಚಿಗೆ ಕೂತು, ಹಕ್ಕಿಯ ಕಾಲು ಎಲ್ಲಿ ಮಡಚುತ್ತದೆ ಎಂದು ನೋಡಿ ಬಂದರು. ಚಳಿಗೆ ಸೀಳಬಾರದೆಂದು ಗುರಾಣಿಯ ಬೆನ್ನಿಗೆ, ಮರದ ನಾರು ಅಡ್ಡ ಬರುವಂತೆ, ಇನ್ನೊಂದು ಹಲಗೆ ಕೂರಿಸಿ ಮರದ ಮೊಳೆ ಹೊಡೆದರು. "ನೂರು ವರ್ಷ ಎಂತದೂ ಆಗದಿಲ್ಲ ನೋಡಿ," ಎಂದು ಗೆಣ್ಣಿನಿಂದ ತಟ್ಟಿ ತೋರಿಸಿದರು. ಚೆನ್ನಾಗಿದೆ ಎಂದೆ. ಪಾರ್ಸೆಲ್ಲಿನ ಮೇಲೆ ವಿಳಾಸ ಬರೆದವಳೂ ನಾನೇ.

ಎರಡು ವರ್ಷದ ಮೇಲೆ ಮುದುಕರ ತಂಗಿಯ ಮಗಳಿಂದ ಒಂದು ಕಾಗದ, ಒಂದು ಫೋಟೋ ಬಂದವು. ಕಾಗದ ಓದಲು ನಾನು ಬೇಕಿತ್ತು, ಫೋಟೋಗೆ ಬೇಕಿರಲಿಲ್ಲ. ಕಪ್ಪು ಶವಪೆಟ್ಟಿಗೆಯ ಮೇಲೆ ಗುರಾಣಿ ಎರಡು ಹೋಳಾಗಿ ಬಿದ್ದಿತ್ತು.

"ದಾರೀಲಿ ಒಡೀತಾ?"

ಆಗ ಎಲ್ಲವನ್ನೂ ಹೇಳಿದೆ. ಅವರು ಫೋಟೋವನ್ನು ಕಿಟಕಿಯ ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು. ಬೈಯುತ್ತಾರೆಂದು ಕಾದು ನಿಂತೆ.

"ಕೊಡಲಿ ಹಾಕಿದಾರೆ," ಎಂದರು. "ಒಂದೇಟಲ್ಲ, ಏಳೆಂಟು. ಹಕ್ಕಿ ಕುತ್ತಿಗೆ ನೋಡಿ, ಜಜ್ಜಿ ಹೋಗಿದೆ. ಮೊದ್ಲೇ ಹೇಳಿದ್ರೆ ಅಡ್ಡ ಹಲಗೆ ಹಾಕ್ತಿರ್ಲಿಲ್ಲ ಅಕ್ಕೋರೆ. ನಾರಿನ ಗುಂಟ ಕೆತ್ತಿ ಕೊಡ್ತಿದ್ದೆ. ಕೈಯಲ್ಲಿ ಒತ್ತಿದ್ರೆ ಬಿಟ್ಕಣ್ತಿತ್ತು."

"ಭಿನ್ನ ಆದದ್ದನ್ನು ನೀವು ಮುಟ್ಟಲ್ಲ ಅಂತ..."

"ಅದು ದೇವರಿಗೆ. ಇದು ಮನುಷ್ಯಂದಲ್ದಾ?"

ಅದಾದ ಮೇಲೆ ಕೇರಿಯಲ್ಲಿ ಯಾರಾದರೂ ಸೌದೆ ಸೀಳತೊಡಗಿದರೆ ಅವರು ಉಳಿ ಕೆಳಗಿಟ್ಟುಬಿಡುತ್ತಿದ್ದರು. ಸದ್ದು ನಿಲ್ಲುವ ತನಕ ಹಾಗೇ ಕೂತಿರುತ್ತಿದ್ದರು. ತುಟಿ ಮಾತ್ರ ಅಲುಗುತ್ತಿತ್ತು. ಏಟು ಎಣಿಸುತ್ತಾರೆ ಎಂದು ಅವರ ಹೆಂಡತಿ ನನಗೆ ಹೇಳಿದರು. ನನ್ನನ್ನು ಕಂಡರೆ ಮೊದಲಿನಂತೆಯೇ ನಗುತ್ತಿದ್ದರು, ಕಾಫಿಗೆ ಕರೆಯುತ್ತಿದ್ದರು. ಆದರೆ ಇಂಗ್ಲಿಷಿನಲ್ಲಿ ಏನಾದರೂ ಬಂದರೆ ಅಂಚೆಯವನಿಂದ ಓದಿಸಿಕೊಳ್ಳುತ್ತಿದ್ದರು. ತಪ್ಪಾಯಿತು ಎಂದು ಹೇಳಬೇಕೆಂದು ಎಷ್ಟೋ ಸಲ ಬೇಲಿಯ ತನಕ ಹೋಗಿ ಬಂದೆ... ಅಷ್ಟರಲ್ಲಿ ನನಗೆ ಶಿಕಾರಿಪುರಕ್ಕೆ ವರ್ಗವಾಯಿತು. ಅವರು ಹೋದ ಸುದ್ದಿ ನನಗೆ ಮುಟ್ಟಿದಾಗ ತಿಥಿಯೂ ಮುಗಿದಿತ್ತು.

ಈಗ ನಿವೃತ್ತಳಾಗಿ ಶಿಕಾರಿಪುರದಲ್ಲೇ ಇದ್ದೇನೆ. ಮೊನ್ನೆ ಹಿಂದಿನ ಬೀದಿಯ ಕುರಿ ಸಾಕುವ ಮನೆಯ ಹೆಂಗಸು ಗಂಡನ ಆಸ್ಪತ್ರೆಯ ರಿಪೋರ್ಟು ಹಿಡಿದು ಬಂದಳು. "ಏನ್ ಬರ್ದಾರ್ರಿ ಇದ್ರಾಗ? ಓದಿ ಹೇಳ್ರಿ," ಎಂದಳು. ಒಂದು ಸಾಲನ್ನೂ ಬಿಡದೆ ಹೇಳಿದೆ. ಅವಳು ಸೆರಗನ್ನು ಬಾಯಿಗೆ ಒತ್ತಿಕೊಂಡು ಹೊರಟುಹೋದಳು. ಬಾಗಿಲಲ್ಲೇ ನಿಂತಿದ್ದೆ. ನಾನು ಮಾಡಿದ್ದು ಸರಿಯೇ ಎಂದು ಕೇಳಬೇಕೆನಿಸಿದ್ದು ಒಬ್ಬರನ್ನು ಮಾತ್ರ. ಅವರಿಲ್ಲ.