ಸೂಗಮ್ಮನ ಬಾಳೆಕೋಣೆ

ಕಮಲಾಪುರ ಹೊಸ ತಾಲೂಕಾಗಿ, ಕಚೇರಿಗಳ ಬೋರ್ಡು ಆಗಷ್ಟೇ ಬದಲಾಗಿದ್ದ ಕಾಲ. ನಾನು ಕಲಬುರಗಿಯಲ್ಲಿ ಸಿವಿಲ್ ದಾವೆ ನಡೆಸುತ್ತಿದ್ದ ವಕೀಲೆ. ಶಹಾಬಜಾರದ ಓಣಿಯೊಂದರಲ್ಲಿ ಮನೆ. ಮನೆಯ ಮುಂದಿನ ಖೋಲಿಯೇ ಆಫೀಸು. ಅಷ್ಟು ವರ್ಷ ಕರಿಕೋಟು ಹಾಕಿದರೂ ನಾನು ಹುಟ್ಟಾ ಅಂಜುಬುರುಕಿ, ಕೇಸು ಕೂಗುವ ಮುಂಚೆ ಇಂದಿಗೂ ಬಾಯಿ ಒಣಗುತ್ತದೆ. ಆದರೆ ಸೂಗಮ್ಮನ ಅಂಜಿಕೆಯ ಮುಂದೆ ನನ್ನದು ಏನೂ ಅಲ್ಲ.

ಸೂಗಮ್ಮ ಕಮಲಾಪುರದ ಬಳಿ ಕೆಂಪು ಬಾಳೆ ಬೆಳೆಯುವವಳು. ಹೊಲದಲ್ಲೇ ಒಂದು ಕಟ್ಟಡ: ಮುಂದೆ ಅವಳೂ ಗಂಡನೂ ಇರುವ ಮನೆ, ಹಿಂದೆ ಕಿಟಕಿಯಿಲ್ಲದ ದೊಡ್ಡ ಕೋಣೆ. ಅಲ್ಲಿ ಗೊನೆಗಳನ್ನಿಟ್ಟು, ಹೊಗೆ ಹಾಕಿ, ಬಾಗಿಲು ಮುಚ್ಚಿ ಹಣ್ಣು ಮಾಗಿಸುತ್ತಿದ್ದಳು. ಪರವಾನಗಿಯಿಲ್ಲದ ಕಟ್ಟಡ, ತೆರವು ಮಾಡಿ ಎಂದು ನೋಟಿಸು ಬಂದ ದಿನವೇ ಬಸ್ಸು ಹತ್ತಿ ನನ್ನ ಬಾಗಿಲಿಗೆ ಬಂದಳು. ಕೊಟ್ಟ ನೀರನ್ನೂ ಕುಡಿಯಲಿಲ್ಲ.

"ಅಕ್ಕಾರ, ಜೆಸಿಬಿ ತರ್ತಾರಂತ್ರಿ. ಮನಿನೂ ಹೋಗ್ತದೇನ್ರಿ?"

ಕೃಷಿ ಜಮೀನಿನಲ್ಲಿ ಬೇರೆ ಉದ್ದೇಶಕ್ಕೆ ಕಟ್ಟಬೇಕಾದರೆ ಮೊದಲು ಜಮೀನನ್ನು ಕೃಷಿಯೇತರ ಎಂದು ಪರಿವರ್ತಿಸಬೇಕು. ಜನ ಅದನ್ನು 'ಎನ್.ಎ.' ಅನ್ನುತ್ತಾರೆ. ಆಮೇಲೆ ಕಟ್ಟಡ ಪರವಾನಗಿ. ಆದರೆ ರೈತ ತಾನಿರಲು, ತನ್ನ ಬೇಸಾಯಕ್ಕೆ ಕಟ್ಟಿಕೊಂಡರೆ ವಿನಾಯಿತಿ ಉಂಟು. ಇದು ಬಾಡಿಗೆ ಗೋದಾಮು ಎಂದು ಅಧಿಕಾರಿಗಳು. ಸ್ವಂತ ಬೆಳೆಯ ಕೋಣೆ ಎಂದು ನಾವು. ಮನೆಗೂ ಕೋಣೆಗೂ ನಡುವೆ ಇದ್ದದ್ದು ಒಂದೇ ಗೋಡೆ. ಕೋಣೆ ಬಿದ್ದರೆ ಮನೆ ನಿಲ್ಲುತ್ತಿರಲಿಲ್ಲ.

ನಾನು ಹೂಡಿದ ದಾವೆಯಲ್ಲಿ ಕೋರ್ಟು ತೆರವಿಗೆ ತಾತ್ಕಾಲಿಕ ತಡೆ ಕೊಟ್ಟು, ಸ್ಥಳ ನೋಡಿ ವರದಿ ಕೊಡಲು ಹಿರಿಯ ವಕೀಲರೊಬ್ಬರನ್ನು ಕಮಿಷನರ್ ಆಗಿ ನೇಮಿಸಿತು. ಅವರೊಂದಿಗೆ ನಾನೂ ಹೊಲಕ್ಕೆ ಹೋದೆ. ಕೋಣೆಯ ಬಾಗಿಲು ತೆರೆದರೆ, ಗೊನೆಗಳ ದಂಟಿಗೆ ಬಟ್ಟೆಯ ಚೂರುಗಳು ಕಟ್ಟಿದ್ದವು. ಕೆಲವು ಹಸಿರು, ಕೆಲವು ಹಳದಿ, ಕೆಲವು ಹಳೆ ಸೀರೆಯ ಅಂಚು.

"ಏನಮ್ಮ ಇವು?" ಕಮಿಷನರ್ ಕೇಳಿದರು.

"ಗುರ್ತ್ರಿ ಸಾಹೇಬ್ರ. ಹಸರ್ ಕಟ್ಟಿದ್ದು ಬಾಜೂ ಹೊಲದ ಹಬೀಬಣ್ಣಂದು. ಬಟ್ಟಿ ಇಲ್ಲದ್ದು ನಂದು."

ಸ್ವಂತ ಬೆಳೆಯ ಕೋಣೆ ಎಂಬ ನಮ್ಮ ವಾದ ಅಲ್ಲೇ ಬಿತ್ತು. ಇಷ್ಟು ದಿನ ಇವಳು ನನಗೆ ಇದನ್ನು ಹೇಳಿಯೇ ಇರಲಿಲ್ಲ! ಮುಚ್ಚಿಟ್ಟಿದ್ದೂ ಅಲ್ಲ. ನೆರೆಮನೆಗೆ ಹೆಪ್ಪು ಕೊಟ್ಟದ್ದನ್ನು ಯಾರಾದರೂ ವಕೀಲರಿಗೆ ಹೇಳುತ್ತಾರೆಯೇ? ಅವಳಿಗೆ ಇದೂ ಹಾಗೆಯೇ.

ಅಷ್ಟರಲ್ಲಿ ಅಕ್ಕಪಕ್ಕದ ಹೊಲದವರು ಸೇರಿಬಿಟ್ಟರು. ಯಾರೂ ಕರೆದಿರಲಿಲ್ಲ, ಸೂಗಮ್ಮ ಎಂಥ ಒಳ್ಳೆಯವಳೆಂದು ಸಾಕ್ಷಿ ಹೇಳಲು ತಾವಾಗಿಯೇ ಬಂದಿದ್ದರು. "ನಂದೂ ಅದಾವ್ರಿ ಒಳಗ." "ನಮ್ಮೂ ಅದಾವ್ರಿ, ಪ್ರತಿ ವರ್ಷಾ ಇಡ್ತೀವಿ." ಒಬ್ಬೊಬ್ಬರು ಕೈಯೆತ್ತಿದಾಗಲೂ ನನಗೆ ಗೋಡೆ ಉರುಳಿದ ಸದ್ದೇ ಕೇಳುತ್ತಿತ್ತು. ಬಾಯಿ ಮುಚ್ಚಿಕೊಳ್ರೋ ಪುಣ್ಯಾತ್ಮರಾ ಎಂದು ಕಿರುಚಬೇಕೆನಿಸಿತು. ಕಮಿಷನರ್ ಎದುರು ಹಾಗೆ ಮಾಡುವಂತಿಲ್ಲ.

"ಬಾಡಿಗೆ ಎಷ್ಟು ಕೊಡ್ತೀರಿ?" ಕಮಿಷನರ್ ತಣ್ಣಗೆ ಕೇಳಿದರು.

ಗುಂಪಿನಲ್ಲಿದ್ದ ಹಬೀಬ ಸಾಬರ ಮುಖ ಕೆಂಪಾಯಿತು. "ಬಾಡಗಿ? ತಂಗಿ ಮನ್ಯಾಗ ಹಣ್ಣ ಇಡ್ಲಾಕ ಬಾಡಗಿ ಕೊಡ್ಬೇಕೇನ್ರಿ ಸಾಹೇಬ್ರ? ಹಿಂಗ್ಯಾಕ ಮಾತಾಡ್ತೀರಿ?"

ಕಮಿಷನರ್ ತಲೆಯೆತ್ತದೆ ಅದನ್ನೂ ಬರೆದುಕೊಂಡರು.

ವಿಚಾರಣೆಯ ದಿನ ಸರ್ಕಾರಿ ವಕೀಲರು, ಬಾಡಿಗೆ ಇರಲಿ ಬಿಡಲಿ, ಪರರ ಸರಕು ಪರರದೇ ಎಂದರು. ನ್ಯಾಯಾಧೀಶರು ವರದಿಯ ಹಾಳೆ ತಿರುವುವಷ್ಟು ಹೊತ್ತೂ ಸೂಗಮ್ಮ ಹಿಂದಿನಿಂದ ನನ್ನ ಗೌನು ಹಿಡಿದಿದ್ದಳು. ಕೊನೆಗೆ ನ್ಯಾಯಾಧೀಶರು ಒಂದು ದಾರಿ ತೋರಿಸಿದರು. ಕೋಣೆಯಲ್ಲಿ ಇನ್ನು ಮುಂದೆ ಸ್ವಂತ ಬೆಳೆ ಮಾತ್ರ ಇಡುವುದಾಗಿ ಬರೆದುಕೊಟ್ಟರೆ ನೋಟಿಸು ವಾಪಸು.

ಅವಳನ್ನು ವರಾಂಡಕ್ಕೆ ಕರೆದೊಯ್ದು ತಿಳಿಸಿ ಹೇಳಿದೆ.

"ಒಲ್ಲೆ ಅಂದ್ರ?"

"ಕೇಸ್ ನಡೀತದ. ಗೆಲ್ಲಬಹುದು, ಸೋಲಲೂಬಹುದು."

"ಹಬೀಬಣ್ಣಗ ನಾ ಏನಂತ ಹೇಳ್ಲಿ ಅಕ್ಕಾರ?"

ನಾನು ಕಾಗದವನ್ನು ಅವಳ ಮುಂದೆ ಹಿಡಿದೆ. ಅವಳು ಸಹಿ ಹಾಕಿದಳು. ಮನೆ ಉಳಿಯಿತು.

ಕೆಲವು ತಿಂಗಳ ಮೇಲೆ ಕಮಲಾಪುರದ ಸಂತೆಯ ದಿನ ಆ ಕಡೆ ಹೋಗಿದ್ದೆ. ನೋಡಿಕೊಂಡು ಬರೋಣವೆಂದು ಹೊಲದ ದಾರಿ ಹಿಡಿದೆ. ಬೇಲಿಯಾಚೆ ಹಬೀಬ ಸಾಬರ ಗೊನೆಗಳು ಟಾರ್ಪಾಲಿನಡಿ ಬಿಸಿಲಿಗೆ ಕಪ್ಪಾಗುತ್ತಿದ್ದವು. ನನ್ನ ಕಾರು ನಿಲ್ಲುವುದೇ ತಡ, ಸೂಗಮ್ಮ ಓಡಿಬಂದು ಕೋಣೆಯ ಬಾಗಿಲು ತೆರೆದಳು. "ನೋಡ್ರಿ, ಎಲ್ಲಾ ನಂದೇ ಅದಾವ್ರಿ. ಒಂದಕ್ಕೂ ಬಟ್ಟಿ ಇಲ್ಲ."

"ಅಯ್ಯ ಸೂಗಮ್ಮ, ಸಾಹೇಬ್ರಲ್ಲ, ನಾ ಬಂದೀನಿ ಬೇ!" ಎಂದೆ.

ಗುರುತು ಸಿಕ್ಕಿ ನಕ್ಕಳು. ಆದರೂ ನಾನು ಒಳಗೆ ಇಣುಕಿ ನೋಡುವ ತನಕ ಬಾಗಿಲು ಬಿಡಲಿಲ್ಲ. ಕೋಣೆ ಅರ್ಧಕ್ಕಿಂತ ಹೆಚ್ಚು ಖಾಲಿಯಿತ್ತು.

ಆದೇಶದ ಪ್ರತಿ ಕೈಗೆ ಕೊಟ್ಟರೆ ವಕೀಲರ ಕೆಲಸ ಮುಗಿಯಿತು ಎಂದೇ ನಾವೆಲ್ಲ ಕಲಿತದ್ದು. ಈಗ ಕೇಸು ಗೆದ್ದವರಿಗೆ ಆ ಪ್ರತಿ ಕೊಡುವಾಗ, "ಇನ್ನೂ ಅಂಜಿಕಿ ಅದ ಏನು?" ಎಂದು ಕೇಳುತ್ತೇನೆ. ಇಲ್ಲ ಅಂದವರು ಇದುವರೆಗೆ ಸಿಕ್ಕಿಲ್ಲ.